ವರ್ಲಿ ಸುಟ್ಟ ಇಲಿಗಳು

ಆರು ವಾರ ಅಡುಗೆ ಮಾಡಿಕೊಟ್ಟು ವಾಪಸು ಬರುತ್ತೇನೆ ಎಂದು ಹೇಳಿ ವರ್ಲಿ ಮರಳುಗಾಡಿನ ನಡುವಿನ ಹಾರ್ಗನ್ಸ್ ಬೋರ್ ಎಂಬ ಜಾಗಕ್ಕೆ ಬಂದಾಗ ಅವಳಿಗೆ ಹತ್ತೊಂಬತ್ತು. ಕ್ವೋರ್ನ್ ಊರಿನ ರೈಲ್ವೆ ಗಾರ್ಡೊಬ್ಬನ ಮಗಳು. ಆ ಆರು ವಾರ ಹಿಗ್ಗಿ ಮೂವತ್ತೊಂದು ವರ್ಷವಾದರೂ ಮುಗಿದಿರಲಿಲ್ಲ.

ಅಲ್ಲಿ ಇದ್ದದ್ದು ತಗಡಿನ ಮಾಡಿನ ಒಂದು ಹೋಟೆಲು, ಎದುರಿಗೆ ಎರಡು ಪೆಟ್ರೋಲ್ ಪಂಪು, ಹಿಂದೆ ಲಾರಿಯವರು ಮಲಗಲು ಆರು ಕೋಣೆ. ಸುತ್ತ ಕೆಂಪು ಮರಳು. ಹತ್ತಿರದ ಊರಿಗೆ ಇನ್ನೂರು ಕಿಲೋಮೀಟರು. ಹೋಟೆಲಿನ ಯಜಮಾನನ ಮಗ ಕ್ಲೆಮ್ ಮೊದಲ ಬೇಸಿಗೆಯಲ್ಲೇ ಅವಳನ್ನು ನಗಿಸಿದ, ಎರಡನೆಯ ಬೇಸಿಗೆಯಲ್ಲಿ ಮದುವೆಯಾದ. ಕೆಟ್ಟವನಲ್ಲ. ಕುಡಿದು ಕೈಯೆತ್ತಿದವನಲ್ಲ. ಆದರೆ ಅವಳು ಹೊರಡಬೇಕು ಎಂದುಕೊಂಡಾಗಲೆಲ್ಲ ಏನಾದರೂ ಒಂದು ಅಡ್ಡ ಬರುತ್ತಿತ್ತು. ಮೊದಲು ಅತ್ತೆ ಹಾಸಿಗೆ ಹಿಡಿದರು, ಏಳು ವರ್ಷ. ಆಮೇಲೆ ಪ್ರವಾಹ ಬಂದು ರಸ್ತೆಯೇ ಕೊಚ್ಚಿಹೋಯಿತು. ಅದು ಸರಿಹೋಗುವಷ್ಟರಲ್ಲಿ ಕ್ಲೆಮ್‌ನ ಕಣ್ಣು ಮಂಜಾಗತೊಡಗಿತು. ಎದುರಿಗಿರುವವರ ಮುಖದ ಜಾಗದಲ್ಲಿ ಬೂದಿ ಬಣ್ಣದ ಮಚ್ಚೆ, ಅಂಚಿನಲ್ಲಷ್ಟೇ ನೋಟ. ಹೋಟೆಲು ಮಾರಾಟಕ್ಕಿದೆ ಎಂದು ಎಂಟು ವರ್ಷದಿಂದ ಬೋರ್ಡು ತೂಗುತ್ತಿತ್ತು. ನೋಡಲು ಬಂದವರು ಇಬ್ಬರೇ. ಒಬ್ಬ ಕುರಿಮಾಂಸದ ಕಡುಬು ತಿಂದು, ಚೆನ್ನಾಗಿದೆ ಎಂದು ಹೇಳಿ ಹೋದ.

ವರ್ಲಿಯ ದಿನ ಶುರುವಾಗುತ್ತಿದ್ದುದು ಇಲಿಗಳಿಂದ. ಉಗ್ರಾಣದ ಮಣ್ಣುನೆಲದಲ್ಲಿ ಎತ್ತರದ ಹಿಟ್ಟಿನ ಡಬ್ಬವೊಂದನ್ನು ಬಾಯಿ ಮಟ್ಟಕ್ಕೆ ಹೂತಿದ್ದಳು. ಗೋಡೆ ಬದಿಯಲ್ಲಿ ಓಡಾಡುವ ಪ್ರಾಣಿ ಅದರೊಳಗೆ ಬಿದ್ದರೆ ನುಣುಪು ತಗಡನ್ನು ಹತ್ತಿ ಬರಲಾಗುತ್ತಿರಲಿಲ್ಲ. ಬೆಳಿಗ್ಗೆ ಡಬ್ಬ ಎತ್ತಿ ಹಿತ್ತಿಲಿಗೆ ಹೋಗಿ, ಜೀವವಿದ್ದವನ್ನು ಸಲಿಕೆಯಿಂದ ಬಡಿದು, ಕಸ ಸುಡುವ ಕಬ್ಬಿಣದ ಡ್ರಮ್ಮಿಗೆ ಸುರಿಯುವಳು. ಚಳಿಗಾಲದಲ್ಲಿ ಕೆಲವು ತಣ್ಣಗೆ ಸೆಟೆದು ಬಿದ್ದಿರುತ್ತಿದ್ದವು. ಅವನ್ನು ಬಡಿಯುವ ಕೆಲಸವೂ ಇರಲಿಲ್ಲ, ನೇರವಾಗಿ ಬೆಂಕಿಗೆ.

ಅವಳು ಬಂದ ಮೂವತ್ತೊಂದನೆಯ ವರ್ಷ ಗ್ಯಾಸ್ ಪೈಪು ಹೂಳುವವರು ಬಂದರು. ಹೋಟೆಲಿಗೆ ನಾಲ್ಕು ಕಿಲೋಮೀಟರು ಆಚೆ, ಎರಡಾಳು ಆಳದ ಕಂದಕ ಉದ್ದಕ್ಕೂ ಬಾಯಿ ತೆರೆದುಕೊಂಡು ಮಲಗಿತು. ಅದಕ್ಕೆ ಬೀಳುವ ಪ್ರಾಣಿಗಳನ್ನು ಎತ್ತಿ ಹೊರಗೆ ಬಿಡುವುದಕ್ಕೆ ಒಬ್ಬ ಹೆಂಗಸಿದ್ದಳು. ಆ ಸೀಮೆಯ ಮೂಲನಿವಾಸಿಗಳಾದ ಡಿಯೆರಿ ಜನದವಳು, ವರ್ಲಿಗಿಂತ ನಾಲ್ಕೈದು ವರ್ಷ ದೊಡ್ಡವಳು. ಹೆಸರು ಗ್ಲೆನಿಸ್. ಬುಲ್‌ಡೋಜರ್ ಓಡಿಸುವವರಿಂದ ಹಿಡಿದು ಇಂಜಿನಿಯರವರೆಗೆ ಎಲ್ಲರೂ ಅವಳನ್ನು ಆಂಟಿ ಎಂದೇ ಕರೆಯುತ್ತಿದ್ದರು.

ಜುಲೈ ತಿಂಗಳ, ಅಲ್ಲಿನ ನಡುಚಳಿಗಾಲದ, ಒಂದು ಬೆಳಿಗ್ಗೆ ಗ್ಲೆನಿಸ್ ಜೀಪಿಗೆ ನೀರು ಹಿಡಿಯಲು ಹಿತ್ತಿಲಿಗೆ ಬಂದಳು. ವರ್ಲಿ ಉರಿಯುತ್ತಿದ್ದ ಡ್ರಮ್ಮಿನ ಮುಂದೆ ಡಬ್ಬ ಹಿಡಿದು ನಿಂತಿದ್ದಳು.

"ಏನಮ್ಮ ಅದರಲ್ಲಿ? ತೋರ್ಸು."

"ಇಲಿ. ಚಳಿಗೆ ಸತ್ತೋಗಿವೆ."

ಗ್ಲೆನಿಸ್ ಡಬ್ಬದೊಳಗೆ ಕೈಹಾಕಿ ಮೂರನ್ನು ತೆಗೆದಳು. ಎರಡನ್ನು ಬದಿಗಿಟ್ಟು ಒಂದನ್ನು ಅಂಗೈಯಲ್ಲಿ ಮಲಗಿಸಿಕೊಂಡಳು. ಚೂಪು ಮೂತಿ, ದಪ್ಪ ಬಾಲ, ಕಲ್ಲಿನಂತೆ ತಣ್ಣಗೆ. "ಇವೆರಡು ಸತ್ತಿವೆ. ಇದು ಸತ್ತಿದೆ ಅಂತ ಯಾರು ಹೇಳಿದ್ದು ನಿಂಗೆ?" ಎಂದು ಅದನ್ನು ಅಂಗಿಯೊಳಗೆ, ಎದೆಯ ಮೇಲೆ ಹಾಕಿಕೊಂಡಳು. "ಟೀ ಕೊಡು. ಟೋಸ್ಟಿಗೆ ಬೆಣ್ಣೆ ಸ್ವಲ್ಪ ಧಾರಾಳವಾಗಿ ಹಚ್ಚು, ನಿನ್ನ ಗಂಡನ ಥರ ಜಿಪುಣತನ ಮಾಡ್ಬೇಡ."

"ನಂಗೆ ಕಣ್ಣು ಕಾಣಲ್ಲ ಅಷ್ಟೇ ಆಂಟಿ, ಕಿವಿ ಚೆನ್ನಾಗೇ ಕೇಳ್ಸುತ್ತೆ," ಎಂದ ಕ್ಲೆಮ್ ಒಳಗಿನಿಂದ.

ಎರಡನೆಯ ಟೋಸ್ಟು ಮುಗಿಯುವ ಹೊತ್ತಿಗೆ ಗ್ಲೆನಿಸಳ ಅಂಗಿ ಅಲುಗಾಡಿತು. ಅವಳು ಅದನ್ನು ಹೊರತೆಗೆದಳು. ಕಡುಗಪ್ಪು ಕಣ್ಣು ಎರಡೂ ತೆರೆದಿದ್ದವು. ಪ್ರಾಣಿ ಬಾಯಿ ಅಗಲಿಸಿ ಬುಸುಗುಟ್ಟಿತು. ಬಾಯಿ ತುಂಬ ಸೂಜಿಮೊನೆಯಂಥ ಹಲ್ಲು.

"ಇಲಿಗೆ ಮುಂದೆ ಎರಡು ಉಳಿ ಹಲ್ಲು, ಆಮೇಲೆ ಖಾಲಿ. ಇದಕ್ಕೆ ನೋಡು, ಗರಗಸ ಇದ್ದ ಹಾಗಿದೆ. ಮುಂಗಾಲಿಗೆ ಬೆರಳೆಷ್ಟು, ಎಣಿಸು. ಐದು. ಇಲಿಗೆ ನಾಲ್ಕೇ. ಇದು ಡನಾರ್ಟು, ಕಾಂಗರೂ ಕಡೆಯ ನೆಂಟ. ಹುಳ ತಿನ್ನುತ್ತೆ. ನಿನ್ನ ಹಿಟ್ಟು ಮುಟ್ಟೋದೂ ಇಲ್ಲ. ಹಿಟ್ಟು ತಿನ್ನೋಕೆ ಬರೋ ಜಿರಲೆ ತಿನ್ನೋಕೆ ಬಂದಿರುತ್ತೆ."

"ಮತ್ತ್ಯಾಕೆ ಸತ್ತ ಹಾಗಿತ್ತು?"

"ಚಳಿ ಜಾಸ್ತಿಯಾದ್ರೆ, ಹೊಟ್ಟೆಗಿಲ್ಲದಿದ್ರೆ, ಮೈ ಆರಿಸ್ಕೊಂಡು ಬಿದ್ಕೊಳ್ಳುತ್ತೆ. ಬಿಸಿಲು ಬಂದ್ಮೇಲೆ ಏಳುತ್ತೆ."

ವರ್ಲಿ ಉರಿಯುತ್ತಿದ್ದ ಡ್ರಮ್ಮಿನ ಕಡೆ ನೋಡಿದಳು. ಆಮೇಲೆ ಕೇಳಿದಳು. "ತಣ್ಣಗಿದ್ದದ್ದಕ್ಕೆಲ್ಲ ಜೀವ ಇತ್ತಾ?"

"ಎಲ್ಲದಕ್ಕೂ ಇರಲ್ಲ." ಗ್ಲೆನಿಸ್ ಅವಳ ಮುಖ ನೋಡಲಿಲ್ಲ. "ನಂಗೆ ಹೇಗಮ್ಮ ಗೊತ್ತಾಗುತ್ತೆ?"

ವರ್ಲಿ ಒಳಗೆ ಹೋಗಿ ಒಲೆಯ ಮುಂದೆ ನಿಂತಳು. ಮೂವತ್ತೊಂದು ಚಳಿಗಾಲ. ಬೆಂಕಿ ತಾಗಿದಾಗ ಕೆಲವು ಎದ್ದು ಹೊರಳಿದ್ದವೇ? ಒಮ್ಮೊಮ್ಮೆ ಡ್ರಮ್ಮಿನೊಳಗೆ ಏನೋ ಚಟಪಟ ಅಂದದ್ದು ನೆನಪಿತ್ತು. ಅದನ್ನು ಅವಳು ಸೌದೆ ಅಂದುಕೊಂಡಿದ್ದಳು. ಅವತ್ತು ಲಾರಿಯವರ ಮೊಟ್ಟೆಗಳೆಲ್ಲ ಸೀದುಹೋದವು.

"ಇಲಿ ಅಂದ್ರೆ ಇಲಿ ಕಣೇ. ಅದಕ್ಕೆ ಹೋಗಿ ಯಾಕಿಷ್ಟು ತಲೆ ಕೆಡಿಸ್ಕೋತೀಯ?" ಎಂದ ಕ್ಲೆಮ್.

"ಇಲಿ ಅಲ್ವಂತೆ," ಎಂದಷ್ಟೇ ಹೇಳಿದಳು.

ಮಾರನೆಯ ದಿನ ನಸುಕಿಗೇ ಅವಳು ಗ್ಲೆನಿಸಳ ಜೀಪಿನಲ್ಲಿ ಕೂತಿದ್ದಳು. ತಿಂಡಿಯ ಹೊತ್ತಿಗೆ ವಾಪಸು ಬಿಡಬೇಕೆಂಬ ಕರಾರು. ಏಣಿ ಇಳಿದರೆ ಎರಡೂ ಬದಿಗೆ ಕಡಿದ ಮಣ್ಣಿನ ಗೋಡೆ, ತಲೆಯ ಮೇಲೆ ಆಕಾಶದ ಒಂದು ಪಟ್ಟಿ. ಅಲ್ಲಲ್ಲಿ ನೆರಳಿಗೆಂದು ಒದ್ದೆ ಗೋಣಿಚೀಲ ಹಾಸಿದ್ದರು. ಗೋಣಿ ಎತ್ತಿದರೆ ಅಡಿಯಲ್ಲಿ ಓತಿ, ಚೇಳು, ಕಪ್ಪೆ, ಡನಾರ್ಟು. ಉದ್ದ ಹಿಂಗಾಲಿನ, ಬಾಲದ ತುದಿಗೆ ಕುಚ್ಚಿದ್ದ ಒಂದು ಪ್ರಾಣಿ ಕುಪ್ಪಳಿಸಿ ವರ್ಲಿಯ ಬೂಟಿನ ಮೇಲೆ ಬಿತ್ತು.

"ಇದೂ ಡನಾರ್ಟಾ?"

"ಅಲ್ಲ, ಇದು ಇಲೀನೇ. ಆದ್ರೆ ನಮ್ಮ ಇಲಿ, ಈ ಮರಳಲ್ಲೇ ಹುಟ್ಟಿ ಬೆಳೆದಿದ್ದು. ನಿನ್ನ ಉಗ್ರಾಣದ್ದು ನಿಮ್ಮವರ ಜೊತೆ ಹಡಗಲ್ಲಿ ಬಂದಿದ್ದು. ಬಂದವರು ಹೋಗೋ ಹೆಸರೇ ಎತ್ತಲ್ಲ ನೋಡು," ಎಂದು ಗ್ಲೆನಿಸ್ ನಕ್ಕಳು. ವರ್ಲಿಯೂ ನಕ್ಕಳು. ನಾನು ಆರು ವಾರಕ್ಕೆ ಬಂದವಳು ಎಂದು ಹೇಳಹೋಗಿ ಮುಂದಿನ ಗೋಣಿ ಎತ್ತಿದಳು.

ಎರಡೇ ವಾರದಲ್ಲಿ ಅವಳ ಕೈ ಪಳಗಿತು. ಇಲಿಯನ್ನು ಬಟ್ಟೆಚೀಲದಲ್ಲಿ ಹೆಚ್ಚು ಹೊತ್ತು ಇಡಬಾರದು, ಕಡಿದು ತೂತು ಮಾಡುತ್ತದೆ. ಡನಾರ್ಟು ಚೀಲ ಕಡಿಯುವುದಿಲ್ಲ, ಬೆರಳು ಕಡಿಯುತ್ತದೆ. ಒಂದು ದಿನ ಗ್ಲೆನಿಸ್ ಹೆಣ್ಣು ಡನಾರ್ಟೊಂದನ್ನು ಅಂಗಾತ ಮಾಡಿ ಹೊಟ್ಟೆಯ ಮೇಲಿನ ಚೀಲ ಬಿಡಿಸಿ ತೋರಿಸಿದಳು. ಒಳಗೆ ಅಕ್ಕಿಕಾಳಿನಷ್ಟೇ ಗಾತ್ರದ, ಕೂದಲಿಲ್ಲದ ಎಂಟು ಮರಿ, ಒಂದೊಂದೂ ಮೊಲೆಗೆ ಕಚ್ಚಿಕೊಂಡಿದ್ದವು. ವರ್ಲಿಗೆ ಮಕ್ಕಳಿರಲಿಲ್ಲ. ಅವಳು ಅಷ್ಟು ಹತ್ತಿರ ಬಗ್ಗಿದಾಗ ಗ್ಲೆನಿಸ್ ಕೈಯನ್ನು ಅವಳ ಕಡೆಗೆ ಇನ್ನಷ್ಟು ಚಾಚಿದಳು.

ಪೈಪಿನ ಕೆಲಸ ಉತ್ತರಕ್ಕೆ ಸರಿಯಿತು. ಹತ್ತು ವಾರ ನನ್ನ ಜೊತೆ ಬಾ, ಕಂಪನಿಗೆ ಇನ್ನೊಬ್ಬರು ಬೇಕಂತೆ ಎಂದಳು ಗ್ಲೆನಿಸ್. ವರ್ಲಿ ಮೂರು ದಿನ ಗಂಡನಿಗೆ ಹೇಳಲಿಲ್ಲ. ನಾಲ್ಕನೆಯ ದಿನ ಆಲೂಗಡ್ಡೆ ಸುಲಿಯುತ್ತಾ ಹೇಳಿದಳು.

ಕ್ಲೆಮ್ ಒಂದು ಆಲೂಗಡ್ಡೆ ತಡಕಿ ಅವಳ ಕೈಗಿಟ್ಟ. "ಹೋಗು. ಇಲ್ಲೇನು ಮುಳುಗೋಗುತ್ತೆ?"

ಅವಳು ಫ್ರೀಜರು ತುಂಬುವಷ್ಟು ಸಾರು ಮಾಡಿಟ್ಟಳು. ಡಬ್ಬಿಗಳ ಮೇಲೆ ದೊಡ್ಡ ಅಕ್ಷರದಲ್ಲಿ ಬರೆದಳು. ಆಮೇಲೆ, ಅಕ್ಷರ ಅವನಿಗೆ ಕಾಣುವುದಿಲ್ಲ ಎಂದು ನೆನಪಾಗಿ ಒಂದೊಂದಕ್ಕೂ ಬೇರೆಬೇರೆ ಗಂಟಿನ ದಾರ ಕಟ್ಟಿದಳು.

ಕ್ಯಾಂಪು ಸೇರಿದ ಆರನೆಯ ದಿನ ಮಳೆ ಹಿಡಿಯಿತು. ಬೆಳಗಿನೊಳಗೆ ಕಂದಕದಲ್ಲಿ ಮೊಣಕಾಲುದ್ದ ನೀರು. ಇಬ್ಬರೂ ಇಳಿದು ತೇಲುತ್ತಿದ್ದವನ್ನೆಲ್ಲ ಟೋಪಿಯಿಂದ ಬಾಚಿ ಮೇಲೆ ಹಾಕಿದರು. ಒಂದು ಡನಾರ್ಟು ಗೋಡೆ ಬದಿಯಲ್ಲೇ ಈಜುತ್ತಾ ಹೋಗಿ, ತಿರುಗಿ ಬಂದು, ಮತ್ತೆ ಹೋಯಿತು.

"ಮೂರು ಮಾರು ಹಿಂದೆ ಹತ್ತೋಕೆ ಅಂತ ಹಲಗೆ ಹಾಕಿದೀವಿ," ಎಂದಳು ಗ್ಲೆನಿಸ್. "ಗೋಡೆ ಬಿಟ್ಟು ನಡುವೆ ಬಂದ್ರೆ ಕಾಣ್ಸುತ್ತೆ. ಬರಲ್ಲ."

ಅಂದು ನಲವತ್ತೇಳು ಬದುಕಿದವು. ಸತ್ತವನ್ನು ಯಾರೂ ಎಣಿಸಲಿಲ್ಲ. ರಸ್ತೆ ಮುಚ್ಚಿತು, ಸುದ್ದಿ ಕಳಿಸುವ ರೇಡಿಯೋ ಕೆಟ್ಟಿತು. ಹನ್ನೊಂದು ದಿನ ವರ್ಲಿ ಕೆಸರಿನ ನಡುವೆ ತಗಡಿನ ಗೂಡಿನಲ್ಲಿ ಕೂತು ಗಂಡ ಒಲೆಗೆ ಬಿದ್ದನೋ, ಪಂಪಿನ ಹತ್ತಿರ ಎಡವಿದನೋ ಎಂದು ಉಗುರು ಕಚ್ಚಿದಳು. ರಸ್ತೆ ತೆರೆದ ದಿನವೇ ಸಿಕ್ಕಿದ ಮೊದಲ ಲಾರಿ ಹತ್ತಿದಳು.

ಹೋಟೆಲಿನಲ್ಲಿ ಮಳೆಗೆ ಸಿಕ್ಕಿಕೊಂಡಿದ್ದ ಐದು ಮಂದಿ ಲಾರಿಯವರಿದ್ದರು. ಒಬ್ಬ ಮಾಂಸ ಹುರಿಯುತ್ತಿದ್ದ, ಇನ್ನೊಬ್ಬ ತಟ್ಟೆ ತೊಳೆಯುತ್ತಿದ್ದ. ಕ್ಲೆಮ್ ಕುರ್ಚಿಯಲ್ಲಿ ಕೂತು ಅವರಿಗೆ ಕತೆ ಹೇಳುತ್ತಿದ್ದ. ಹೆಜ್ಜೆ ಸದ್ದಿಗೆ ಮುಖ ತಿರುಗಿಸಿದ.

"ಯಾಕೇ ಇಷ್ಟು ಬೇಗ ಬಂದೆ?"

ವರ್ಲಿ ಬಾಗಿಲಲ್ಲೇ ನಿಂತಳು. "ನಾನಿಲ್ದೆ ಏನಾಗುತ್ತೋ ಅಂತ..."

"ಮೂವತ್ತೊಂದು ವರ್ಷ ಹಾಗೇ ಅಂದ್ಕೊಂಡಿದ್ಯಾ?" ಅವನ ದನಿಯಲ್ಲಿ ಕೊಂಕಿರಲಿಲ್ಲ, ನಿಜವಾಗಿಯೇ ಕೇಳಿದ. "ನಾನೇನು ಕಟ್ಟಿ ಹಾಕಿದ್ನಾ ನಿನ್ನ?"

ವರ್ಲಿ ಒಲೆಯ ಹತ್ತಿರ ಹೋದಳು. ಹುರಿಯುತ್ತಿದ್ದವನ ಕೈಯಿಂದ ಸಟ್ಟುಗ ತೆಗೆದುಕೊಂಡು ಮಾಂಸ ತಿರುವಿದಳು. ತಾನು ಇಲ್ಲಿ ಸಿಕ್ಕಿಬಿದ್ದದ್ದು ಅವನಿಂದ ಎಂದು ದೂರುವುದಕ್ಕೆ ಅಷ್ಟು ವರ್ಷ ಗಂಡನಾದರೂ ಇದ್ದ. ಅಂದಿನಿಂದ ಅದೂ ಇಲ್ಲವಾಯಿತು. ವಾಪಸು ಕ್ಯಾಂಪಿಗೆ ಹೋಗಬಹುದಿತ್ತು. ಗ್ಲೆನಿಸ್ ಎರಡು ಸಲ ಹೇಳಿಕಳಿಸಿದಳು. ನಾಳೆ, ನಾಡಿದ್ದು ಎನ್ನುವಷ್ಟರಲ್ಲಿ ಹತ್ತು ವಾರ ಮುಗಿಯಿತು.

ಮತ್ತೆ ಒಂಬತ್ತು ವರ್ಷ ಅವಳು ಹಾರ್ಗನ್ಸ್ ಬೋರಿನಲ್ಲೇ ಇದ್ದಳು. ಕ್ಲೆಮ್‌ನ ಕಣ್ಣು ಪೂರ್ತಿ ಹೋದ ಮೇಲೆ ಅವನೇ ಹಟ ಹಿಡಿದು ಪೋರ್ಟ್ ಆಗಸ್ಟಾದ ವೃದ್ಧಾಶ್ರಮ ಸೇರಿದ. ಅಲ್ಲಿ ರೇಡಿಯೋ ಚೆನ್ನಾಗಿ ಹಿಡಿಯುತ್ತದಂತೆ. ಹೋಟೆಲನ್ನು ಯಾರೂ ಕೊಳ್ಳಲಿಲ್ಲ. ಬೀಗ ಹಾಕಿದರು.

ಇನ್ನೊಂದು ಪೈಪಿನ ಕೆಲಸಕ್ಕೆ ಜನ ಬೇಕೆಂದು ಕೇಳಿ ವರ್ಲಿ ತಾನಾಗಿಯೇ ಹೋಗಿ ನಿಂತಳು. ಮಂಡಿ ಹೋಗಿತ್ತು, ಏಣಿ ಇಳಿಯಲಾಗುತ್ತಿರಲಿಲ್ಲ. ಅವಳನ್ನು ಕಂದಕದ ದಡದಲ್ಲಿ ಡೇರೆಯ ನೆರಳಿಗೆ ಕುರ್ಚಿ ಹಾಕಿ ಕೂರಿಸಿದರು. ಓದಿ ಬಂದ ಹುಡುಗಿಯರು ಕೆಳಗಿನಿಂದ ಚೀಲ ಹಿಡಿದು ತರುತ್ತಾರೆ. ಅವಳು ಒಂದೊಂದನ್ನೇ ಕೈಗೆ ತೆಗೆದುಕೊಂಡು ಹಲ್ಲು ನೋಡಿ, ಬೆರಳು ಎಣಿಸಿ, ಇಲಿಯೋ ಅಲ್ಲವೋ ಹೇಳುತ್ತಾಳೆ. ಎರಡನ್ನೂ ಹೊರಗೇ ಬಿಡುವುದಾದರೆ ಯಾಕೆ ಇಷ್ಟು ನೋಡಬೇಕು ಎಂದು ಹೊಸಬಳೊಬ್ಬಳು ಕೇಳಿದಳು.

"ಬಿಡೋ ಜಾಗ ಬೇರೆ ಕಣಮ್ಮ," ಎಂದಳು ವರ್ಲಿ. "ಇಲೀನ ಪೊದೆ ಹತ್ರ ಬಿಡು, ತಾನೇ ಬಿಲ ತೋಡ್ಕೊಳ್ಳುತ್ತೆ. ಡನಾರ್ಟು ಬಿಲ ತೋಡಲ್ಲ, ಅದನ್ನ ಬಿರುಕು ಬಿಟ್ಟ ನೆಲದ ಹತ್ರ ಒಯ್ಯಿ. ಅವಸರ ಬೇಡ, ಅದೇ ಹೋಗೋ ತನಕ ಕೂತ್ಕೊಂಡಿರು."