ಖಂಡಪ್ಪ ಸರ್ ಮುಚ್ಚಿದ ಪುಟ

ಮರುಭೂಮಿಯ ಹಕ್ಕಿಗಳನ್ನು ಕುರಿತು ಕನ್ನಡದಲ್ಲಿ ಬರೆದವರೇ ವಿರಳ; ಆ ಕೆಲವರಲ್ಲಿ, ಪ್ರತಿ ಹಕ್ಕಿಯನ್ನೂ ಬಿಸಿಲಲ್ಲಿ ನಿಂತು ಕಣ್ಣಾರೆ ಕಂಡ ಮೇಲೆಯೇ ಲೇಖನಿ ಹಿಡಿದವರು ಪ್ರಾಧ್ಯಾಪಕ ಖಂಡಪ್ಪ ನಾಟೀಕಾರರು. ಚಿತ್ತಾಪುರದ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರದ ಅಧ್ಯಾಪಕರಾಗಿ ಸೇವೆಗೆ ಸೇರಿ, ಚಿಂಚೋಳಿಯಲ್ಲಿ ಹನ್ನೊಂದು ವರ್ಷ ಕಳೆದು, ಈಗ ಸೇಡಂನಿಂದ ನಿವೃತ್ತರಾಗುತ್ತಿರುವ ಅವರು ನಮಗೆ ನೋಟ್ಸ್ ಕೊಟ್ಟದ್ದು ಕಡಿಮೆ, ನೋಟ ಕೊಟ್ಟದ್ದೇ ಹೆಚ್ಚು.

ಚಿತ್ತಾಪುರದಲ್ಲಿ ನಾನು ಅವರ ವಿದ್ಯಾರ್ಥಿ. ಕಾಲೇಜಿನ ಸಮಾರಂಭವೊಂದರಲ್ಲಿ ಅವರ ಕೆಮ್ಮನ್ನೂ ನಡಿಗೆಯನ್ನೂ ಅವರೆದುರೇ ಅಣಕಿಸಿದೆ. ಮರುದಿನ ಕರೆಸಿದರು. ಟಿ.ಸಿ. ಕೈಗೆ ಬಂತೆಂದುಕೊಂಡು ಹೋದರೆ, "ಕೆಮ್ಮು ಛಲೋ ತಗದಿ. ನಡಗಿ ಇನ್ನಾ ಸುಧಾರಿಸಬೇಕು. ಐತಾರ ಬಾ, ಹಕ್ಕಿ ದನಿ ಕಲಸ್ತೀನಿ" ಎಂದರು. ಆ ಭಾನುವಾರಗಳಲ್ಲಿ ಅವರು ಕಲಿಸಿದ ಶಿಸ್ತು ಒಂದೇ: ಊರು, ಜಾಗ, ಹೊತ್ತು ಇಲ್ಲದ ಮಾತನ್ನು ದಿನಚರಿಯಲ್ಲಿ ಬರೆಯಬಾರದು.

ಅವರ ಮೊದಲ ಪುಸ್ತಕ ಪಶ್ಚಿಮದ ಮರಳುಗಾಡಿನ ಹಕ್ಕಿಗಳದು. ಅದೇ ಕುಲದವು ನಮ್ಮ ಫರಸಿ ಹಾಸುಗಲ್ಲಿನ ಒಣನೆಲದಲ್ಲೂ ಬಾಳುವುದನ್ನು ಎರಡನೆಯದರಲ್ಲಿ ತೋರಿಸಿದರು. ಶಹಾಬಾದ ಸಮೀಪದ ಕಲ್ಲು ತೆಗೆದು ಪಾಳುಬಿಟ್ಟ ಖಣಿಯೊಂದರ ನೀರಿಗೆ ಮರಳುಗೌಜಲ ಹಕ್ಕಿಗಳು ದಿನವೂ ಒಂದೇ ಹೊತ್ತಿಗೆ ಬರುತ್ತಿದ್ದವು. ಗಂಡುಹಕ್ಕಿ ಎದೆಯ ಪುಕ್ಕ ನೆನೆಸಿಕೊಂಡು ಮರಿಗಳಿಗೆ ನೀರು ಒಯ್ಯುತ್ತಿತ್ತು. ಹಸ್ತಪ್ರತಿಯಲ್ಲಿ ಸರ್ "ಒಂದು ಹಳೆಯ ಖಣಿ" ಎಂದಷ್ಟೇ ಬರೆದಿದ್ದರು. ಕರಡಚ್ಚು ತಿದ್ದುವ ಕೆಲಸ ನನ್ನದು. ಸರ್ ಮರೆತಿದ್ದಾರೆಂದು ತಿಳಿದು, ಅವರ ದಿನಚರಿ ನೋಡಿ, ಖಣಿಯ ಗುರುತನ್ನೂ ಬೆಳಗಿನ ಎಂಟೂವರೆಯನ್ನೂ ನಾನೇ ಸೇರಿಸಿದೆ. ಅವರನ್ನು ಕೇಳಲಿಲ್ಲ.

ಮುಂದಿನ ಬೇಸಿಗೆಯಲ್ಲಿ, ಖಣಿಯ ಬಳಿ ಆಡು ಮೇಯಿಸುವ ಗುಲಾಮ ದಸ್ತಗೀರರು ಸರ್ ಅವರ ಮನೆಗೆ ಬಂದರು. "ಹಕ್ಕಿ ಹಿಡಿಯಾಕ ಬಲಿ ಹಾಕಾವ್ರು ಬಂದಿದ್ರರಿ ಸರ್. ನಿಮ್ಮ ಕಿತಾಬು ಕೈಯಾಗೇ ಹಿಡಕೊಂಡಿದ್ರು. ಒಂಬತ್ತಕ್ಕ ಹೋಗೇಬಿಟ್ರು. ಒಂದೂ ಉಳದಿಲ್ಲರಿ." ನಾವು ಹೋಗಿ ನೋಡಿದಾಗ ಕಲ್ಲುಗಳ ಸಂದಿಯಲ್ಲಿ ಮರಿಗಳು ನೀರಿಗಾಗಿ ಕಾದು ಒಣಗಿ ಸತ್ತಿದ್ದವು. ಅಚ್ಚಾದ ಮೇಲೆ ತಮ್ಮ ಪುಸ್ತಕವನ್ನು ತೆರೆಯುವ ರೂಢಿಯೇ ಇಲ್ಲದ ಸರ್ ಅಂದು ತೆರೆದರು. ನನ್ನ ಸಾಲು ಓದಿದರು, ನನ್ನನ್ನು ನೋಡಿದರು. ಪುಟದ ಸಂಖ್ಯೆ ಬರೆದಿಟ್ಟುಕೊಂಡರು.

ಆಮೇಲಿನ ಎರಡು ವರ್ಷ ರಜೆಯ ದಿನಗಳಲ್ಲೆಲ್ಲ ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ, ಚಿಂಚೋಳಿ, ಸುಲೇಪೇಟ ಎನ್ನದೆ ಪುಸ್ತಕವಿದ್ದ ಗ್ರಂಥಾಲಯಗಳಿಗೆಲ್ಲ ಹೋಗಿ, ಒಪ್ಪಿಗೆ ಪಡೆದು, ಆ ಪುಟದ ಮೇಲೆ ಬಿಳಿ ಕಾಗದ ಅಂಟಿಸಿದರು. ಮೈದಾ ಅಂಟು ಕುದಿಸಿಕೊಡುತ್ತಿದ್ದವರು ಅವರ ಪತ್ನಿ ಭೀಮಬಾಯಿಯವರು. ಡಬ್ಬಿ ಹಿಡಿಯುತ್ತಿದ್ದವನು ನಾನು. ವಾಡಿಯ ಗ್ರಂಥಪಾಲಕಿ ಲುಂಬಿನಿಯವರಿಗೆ ಬೇಸರವಾಯಿತು.

"ಇಷ್ಟು ಛಲೋ ಪುಸ್ತಕಕ್ಕ ತ್ಯಾಪಿ ಹಚ್ಚಾಕತ್ತೀರಲ್ರಿ ಸರ್, ಯಾರು ಮಾಡಿದ ತಪ್ಪರಿ ಇದು?"

"ರಟ್ಟಿನ ಮ್ಯಾಲ ಯಾರ ಹೆಸರದ ನೋಡವ್ವಾ. ಅಂವಂದೇ."

ಯಾರ ದನಿಯನ್ನಾದರೂ ತೆಗೆಯಬಲ್ಲ ನಾನು ಅಂದು ಅಂಟಿನ ಡಬ್ಬಿ ಹಿಡಿದೇ ನಿಂತಿದ್ದೆ. ಇಂದಿಗೂ ಅವರು ನನ್ನ ಹೆಸರನ್ನು ಯಾರೆದುರೂ ಎತ್ತಿಲ್ಲ. ಹೇಳುತ್ತಿರುವವನು ನಾನು, ಇಲ್ಲಿಯೇ ಮೊದಲು.

ಮೂರನೆಯ ಪುಸ್ತಕದಲ್ಲಿ ಊರೂ ಇಲ್ಲ, ಹೊತ್ತೂ ಇಲ್ಲ. ಓದಿದವರು ಸಪ್ಪೆ ಎಂದರು.

ಆ ಖಣಿಗೆ ಒಂಬತ್ತು ವರ್ಷಗಳಿಂದ ಹಕ್ಕಿ ಇಳಿದಿಲ್ಲ. ಈ ಲೇಖನಕ್ಕಾಗಿ ಕಳೆದ ತಿಂಗಳು ಮನೆಗೆ ಹೋದಾಗ ಮೇಜಿನ ಮೇಲೆ ದಿನಚರಿ ತೆರೆದಿತ್ತು. ಹೊಸ ಶಾಯಿಯಲ್ಲಿ ಒಂದೇ ಸಾಲು: "ಮರಳುಗೌಜಲು, ಎರಡು. ಗಂಡು, ಹೆಣ್ಣು." ಎಲ್ಲಿ ಎಂಬುದಿರಲಿಲ್ಲ. ನಾನು ಬಾಯಿ ತೆರೆಯುವ ಮೊದಲೇ ಸರ್ ಅದನ್ನು ಮುಚ್ಚಿ, "ಚಾ ಕುಡಿ, ಆರ್ತದ" ಎಂದರು.

ನನ್ನ ಗುರುಗಳಿಗೆ ದೀರ್ಘಾಯುಷ್ಯವೂ ಬಿಸಿಲಲ್ಲಿ ನಿಲ್ಲುವ ಕಾಲುಗಳೂ ಇರಲಿ. ನಾಲ್ಕನೆಯ ಪುಸ್ತಕ ಬರಲಿ. ಆ ಎರಡು ಹಕ್ಕಿಗಳು ಎಲ್ಲಿವೆ ಎಂಬುದನ್ನು ಮಾತ್ರ ಅವರು ಯಾರಿಗೂ ಹೇಳದಿರಲಿ; ನನಗಂತೂ ಹೇಳಲೇಬಾರದು.