ಎಡಗೈಯ ಧಾರೆ

1936ನೇ ಇಸವಿ ಮೇ 17, ಭಾನುವಾರ, ಬೆಳಿಗ್ಗೆ ಏಳು ಗಂಟೆ ಇಪ್ಪತ್ತು ನಿಮಿಷ. ಹುಣಸೂರಿನಲ್ಲಿ ಕಂಠಪ್ಪನ ಕಾಫಿ ಹೋಟೆಲಿನ ಬೆಂಚಿನ ಮೇಲೆ ಕುಳಿತು ಚನ್ನಬಸವಣ್ಣನವರು ತಾವೇ ಬರೆದು ಪತ್ರಿಕೆಯಲ್ಲಿ ಅಚ್ಚಾಗಿದ್ದ ಸಿನಿಮಾ ವಿಮರ್ಶೆಯನ್ನು ಗಟ್ಟಿಯಾಗಿ ಓದುತ್ತಿದ್ದರು. ಕಂಪಲಾಪುರದ ಈ ಶಾಲಾ ಮೇಷ್ಟರಿಗೆ ಮೈಸೂರಿನ ವಾರಪತ್ರಿಕೆಯೊಂದು ನಾಲ್ಕು ವಾರದ ಮಟ್ಟಿಗೆ ಅಂಕಣ ಕೊಟ್ಟಿತ್ತು. ಹಿಡಿಸಿದರೆ ಮುಂದಕ್ಕೆ, ಇಲ್ಲದಿದ್ದರೆ ಇಲ್ಲ. ಇದು ಮೂರನೆಯ ವಾರ.

"ರಾಜನಿಂದ ಎಡಗೈಯಲ್ಲಿ ಧಾರೆ ಎರೆಸಿದವರಿಗೆ ನಮ್ಮ ಆಚಾರದ ಗಂಧವೂ ಇಲ್ಲ" ಎಂದು ಓದಿದಾಗ, ಹೋಟೆಲಿಗೆ ಮೊಸರು ಅಳೆಯುತ್ತಿದ್ದ ಚಿಕ್ಕಬೀರಮ್ಮ ತಲೆಯೆತ್ತಿದಳು.

"ಎಡಗೈಲಾ? ಯಾವೂರ್ನಾಗೆ ನೋಡುದ್ರಿ ಸ್ವಾಮಿ?"

"ಇದೇ ಊರಲ್ಲಿ ಕಣಮ್ಮ. ಹೋದ ಭಾನುವಾರ, ಸಿನಿಮಾ ಡೇರೆಯಲ್ಲಿ."

"ನಾನೂ ಅಲ್ಲೇ ಇದ್ನಲ್ಲ. ಬಲಗೈಲೇ ಎರೆದ. ನೀವೆಲ್ಲಿ ಕುಂತಿದ್ರಿ?"

ಭಾನುವಾರ ಪರದೆಯ ಮುಂದಿನ ನೆಲದ ಬಹುಭಾಗ ಹೆಂಗಸರಿಗೆ. ತಡವಾಗಿ ಬಂದ ಗಂಡಸರು ಪರದೆಯ ಹಿಂದೆ ಕೂರಬೇಕು. ಬಟ್ಟೆಗೆ ನೀರು ಚಿಮುಕಿಸಿರುತ್ತಿದ್ದುದರಿಂದ ಚಿತ್ರ ಆ ಬದಿಗೂ ಕಾಣುತ್ತಿತ್ತು. ಮೇಷ್ಟರು ಚಿತ್ರದ ಆರಂಭದಲ್ಲಿ ಬರುವ ಹೆಸರುಗಳೆಲ್ಲ ಮುಗಿದ ಮೇಲೆ ಬಂದು ಹಿಂದೆ ಕೂತಿದ್ದರು. ಅದನ್ನೇ ಹೇಳಿದರು.

ಚಿಕ್ಕಬೀರಮ್ಮ ಮೊಸರಿನ ಮಡಕೆಗೆ ಮುಚ್ಚಿದ್ದ ಒದ್ದೆ ಬಟ್ಟೆಯನ್ನು ಇಬ್ಬರ ನಡುವೆ ಎತ್ತಿ ಹಿಡಿದಳು. ಅದರ ಒಂದು ಮೂಲೆಯಲ್ಲಿ ತೇಪೆಯಿತ್ತು.

"ತೇಪೆ ನನಗೆ ಬಲಕ್ಕೈತೆ. ನಿಮಗೆ?"

"ಎಡಕ್ಕೆ."

"ಪರದೇನೂ ಬಟ್ಟೆ ತಾನೆ? ಹಿತ್ಲಾಗೆ ಕುಂತು ಮದುವೆ ನೋಡ್ದಂಗಾಯ್ತು ಬುಡಿ."

ಕಂಠಪ್ಪ ನಕ್ಕು, "ಯಾರಿಗೂ ಗೊತ್ತಾಗಾಕಿಲ್ಲ ಮೇಷ್ಟ್ರೇ, ಸುಮ್ಕಿರಿ" ಎಂದ.

ಸುಮ್ಮನಿದ್ದರೆ ಅಂಕಣ ಉಳಿಯುವ ಸಂಭವ ಹೆಚ್ಚಿತ್ತು. ಮೇಷ್ಟರು ಹೋಟೆಲಿನಲ್ಲೇ ಕಾಗದ ಕೇಳಿ ತಿದ್ದುಪಡಿ ಬರೆದರು. ತಾವು ಕೂತ ಜಾಗ, ಆದ ತಪ್ಪು, ತೋರಿಸಿಕೊಟ್ಟವಳ ಹೆಸರು, ಮೂರನ್ನೂ ಬರೆದು ಒಂಬತ್ತು ಗಂಟೆಯ ಮೋಟಾರಿನಲ್ಲಿ ಮೈಸೂರಿಗೆ ಕಳಿಸಿದರು. ಹನ್ನೆರಡು ದಿನ ಉತ್ತರವಿಲ್ಲ. ಹದಿಮೂರನೆಯ ದಿನ ಸಂಪಾದಕರ ಕಾರ್ಡು ಬಂತು: "ವಿಮರ್ಶೆಗಿಂತ ತಿದ್ದುಪಡಿಯೇ ಓದುಗರಿಗೆ ಹಿಡಿಸಿದೆ. ಮುಂದುವರಿಸಿ."

ಅವರು ಹನ್ನೊಂದು ವರ್ಷ ಮುಂದುವರಿಸಿದರು. ಪಿರಿಯಾಪಟ್ಟಣ, ಕೃಷ್ಣರಾಜನಗರ, ಹೆಗ್ಗಡದೇವನಕೋಟೆ, ಎಲ್ಲಿ ಡೇರೆ ಬಿದ್ದರೂ ಅರ್ಧ ಗಂಟೆ ಮುಂಚೆ ಹೋಗಿ ಪರದೆಯ ಮುಂದೆ ಕೂರುತ್ತಿದ್ದರು. ಆಟ ಬಿಟ್ಟ ಮೇಲೆ ಇಬ್ಬರನ್ನಾದರೂ "ನಿಮಗೇನು ಕಂಡಿತು?" ಎಂದು ಕೇಳದೆ ಬರೆಯುತ್ತಿರಲಿಲ್ಲ. ನಾಟಕ, ಹರಿಕಥೆಗಳ ಬಗ್ಗೆ ಬರೆದಾಗಲೂ ಇದೇ ಕ್ರಮ. ಚಿಕ್ಕಬೀರಮ್ಮನಿಗೆ ಓದು ಬರುತ್ತಿರಲಿಲ್ಲ. ಹುಣಸೂರಿಗೆ ಬಂದಾಗಲೆಲ್ಲ ಅದೇ ಬೆಂಚಿನ ಮೇಲೆ ಕೂತು ಹೊಸ ಅಂಕಣವನ್ನು ಅವಳಿಗೆ ಓದಿ ಹೇಳುತ್ತಿದ್ದರು.

1947ರಲ್ಲಿ ಹೆಗ್ಗಡದೇವನಕೋಟೆಯ ಓದುಗರು ಅವರಿಗೆ ಶಾಲು ಹೊದಿಸಿದರು. ಮುನ್ನೂರ ಹನ್ನೆರಡು ಚಿತ್ರಗಳನ್ನು ನೋಡಿ ಬರೆದವರೆಂದು ಅಧ್ಯಕ್ಷರು ಹೊಗಳಿದರು. ಮೇಷ್ಟರು ಎದ್ದು ನಿಂತು, ಮುಂದಿನ ಸಾಲಿಗೆ ಕರೆತಂದು ಕೂರಿಸಿದ್ದ ಚಿಕ್ಕಬೀರಮ್ಮನಿಗೆ ಕೈಮುಗಿದು, ಲೆಕ್ಕವನ್ನು ತಿದ್ದಿದರು:

"ಬರೆದದ್ದು ಮುನ್ನೂರ ಹನ್ನೆರಡು. ಸರಿಯಾಗಿ ನೋಡಿದ್ದು ಮುನ್ನೂರ ಹನ್ನೊಂದು."