ನಮ್ಮ ಮನೆಯ ಸೇನಾಪತಿ
ನನ್ನ ಬಾಡಿಗೆದಾರ ಎವರಿಸ್ತೊ ರೋಮಿನ ಸ್ಟುಡಿಯೋದಲ್ಲಿ ಕತ್ತಿ-ಗುರಾಣಿ ಸಿನಿಮಾಗಳಲ್ಲಿ ಸಾಯುವ ಸೇನಾಪತಿಯ ಪಾತ್ರ ಮಾಡುವವನು. ಮನೆಯಲ್ಲೂ ನೆಟ್ಟಗೆ ಬದುಕುತ್ತಿರಲಿಲ್ಲ. ಜನವರಿ ಚಳಿಯಲ್ಲೂ ತೊಗಲುಪಟ್ಟಿಯ ಚಪ್ಪಲಿ ಮೆಟ್ಟಿ, ನನ್ನ ಮೇಜುಬಟ್ಟೆ ಹೊದ್ದು, ದಿನಕ್ಕೆರಡು ಸಲ ಈಟಿ ನೆಟ್ಟವನ ಹಾಗೆ ಮೆಟ್ಟಿಲ ಮೇಲಿಂದ ಉರುಳುತ್ತಿದ್ದ. ‘ಏಳಪ್ಪ, ಪಾಸ್ತಾ ಆರ್ತಿದೆ’ ಎಂದರೆ, ‘ಸೇನಾಪತಿ ಅಷ್ಟು ಬೇಗ ಸಾಯಲ್ಲ, ಸಿನ್ಯೋರಾ’ ಎನ್ನುತ್ತಿದ್ದ. ಚಿತ್ರೀಕರಣದಲ್ಲಿ ಇವನಿಗೆ ಮಾತೂ ಬೇಕಿಲ್ಲ. ಒಂದು, ಎರಡು, ಮೂರು ಎಂದು ತುಟಿ ಆಡಿಸಿದರೆ ಸಾಕು, ಆಮೇಲೆ ಬೇರೆ ಯಾರೋ ದನಿ ಕೂಡಿಸುತ್ತಾರೆ. ಅಷ್ಟಕ್ಕೇ ಈ ಠೀವಿ. ಹೋದ ತಿಂಗಳು ಇವನ ಒಂದು ಚಿತ್ರ ಇಂಗ್ಲಿಷಿಗೆ ಡಬ್ ಆಗಿ ಆಸ್ಟ್ರೇಲಿಯಾದಲ್ಲಿ ಬಿಡುಗಡೆಯಾಯಿತು. ಅಲ್ಲಿ ನೆಲೆಸಿರುವ ಅವನ ಅಕ್ಕ ಬರೆದ ಕಾಗದವನ್ನು ಅವನೇ ನನಗೆ ಓದಿ ಹೇಳಿದ: ‘ಇಂಗ್ಲಿಷ್ ಕಲ್ತಿದೀನಿ ಅಂತ ಹೇಳಲೇ ಇಲ್ವಲ್ಲೋ. ನನ್ನ ಮಕ್ಕಳಿಗೆ ನಮ್ಮ ಭಾಷೆ ಬರಲ್ಲ. ಮಾವ ನಮ್ಮ ಹಾಗೇ ಮಾತಾಡ್ತಾನೆ ಅಂತ ಟಾಕೀಸಲ್ಲೇ ಕುಣಿದ್ರು. ಜೂನಿಗೆ ಹಡಗಲ್ಲಿ ಕರ್ಕೊಂಡು ಬರ್ತೀನಿ.’ ‘ಅದು ನಿನ್ನ ದನಿಯಲ್ಲ ಅಂತ ಬರೆದುಬಿಡು ಮಾರಾಯ’ ಎಂದೆ. ‘ಬರೆದ್ರೆ ಆ ಮಕ್ಕಳಿಗೆ ಮತ್ತೆ ನಾನು ಯಾರೋ ಆಗ್ತೀನಲ್ಲ’ ಎಂದ. ಅವತ್ತಿನಿಂದ ಮೆಟ್ಟಿಲ ಮೇಲೆ ಸಾಯುವುದನ್ನು ಬಿಟ್ಟಿದ್ದಾನೆ. ಬೆಳಗಾದರೆ ಬಚ್ಚಲಮನೆ ಬಾಗಿಲು ಹಾಕಿಕೊಂಡು, ‘ನಾನು ನಿಮ್ಮ ಮಾವ’ ಎಂಬುದೊಂದನ್ನೇ ಇಂಗ್ಲಿಷಿನಲ್ಲಿ ತಡವರಿಸುತ್ತಾ ನೂರು ಸಲ ಹೇಳುತ್ತಾನೆ. ಟವೆಲು ಹಿಡಿದು ಹೊರಗೆ ನಿಂತ ನಾನು ಬಾಗಿಲು ಬಡಿಯಲು ಕೈ ಎತ್ತಿ, ಇಳಿಸುತ್ತೇನೆ.